ಎಲ್ಡರ್ ಸ್ಕ್ರೋಲ್ಸ್‌ನ ಖಳರು: ಯಾರ ಸಲುವಾಗಿ ಯಾವ ಆಟ ಕೊಳ್ಳಬೇಕು

ಎಲ್ಡರ್ ಸ್ಕ್ರೋಲ್ಸ್ ಎಂಬ ವಿಡಿಯೊ ಗೇಮ್ ಸರಣಿಯಲ್ಲಿ ಮುಖ್ಯ ಆಟಗಳು ಐದು: 1994ರ ಅರೀನಾ, 1996ರ ಡ್ಯಾಗರ್‌ಫಾಲ್, 2002ರ ಮೊರೊವಿಂಡ್, 2006ರ ಒಬ್ಲಿವಿಯನ್, 2011ರ ಸ್ಕೈರಿಮ್. ಕೇಡು ಬಗೆಯುವವರಿಗೆ ಇವುಗಳಲ್ಲಿ ಬರವಿಲ್ಲ. ಆದರೆ ಬಾಯಿ ತುಂಬ ಖಳ ಅಂತ ಕರೆಯಬಹುದಾದವರು ಮೂರ್ನಾಲ್ಕು ಮಂದಿ ಮಾತ್ರ. ಸ್ಟೀಮ್ ಎಂಬ ಆನ್‌ಲೈನ್ ಗೇಮ್ ಅಂಗಡಿಯಲ್ಲಿ ಸೇಲ್ ಬಂದಾಗ ಯಾವುದು ತೊಗೋಬೇಕು ಅಂತ ಕೇಳಿದರೆ ಗ್ರಾಫಿಕ್ಸು, ನಕಾಶೆ, ಮಾಡ್‌ಗಳ ಬಗ್ಗೆ ಹೇಳುವವರು ಬೇಕಾದಷ್ಟು ಸಿಗುತ್ತಾರೆ. ಇಲ್ಲಿರುವುದು ಬರೀ ಖಳರ ಲೆಕ್ಕ. ಕಥೆಯ ಗುಟ್ಟುಗಳೆಲ್ಲ ಇದರಲ್ಲಿ ಬಯಲಾಗುತ್ತವೆ, ಬ್ಯಾಡಾದವರು ಇಲ್ಲಿಗೇ ನಿಲ್ಲಿಸ್ರಿ.

ಅಳತೆಗೋಲು ನಮ್ಮ ಕಡೆಯದೇ. ಹಾವೇರಿ, ಗದಗಿನ ಹಳ್ಳಿಗಳಲ್ಲಿ ದೊಡ್ಡಾಟ ನೋಡಿದವರಿಗೆ ಗೊತ್ತು: ಕಿರೀಟ, ಭುಜಕೀರ್ತಿ ಕಟ್ಟಿಕೊಂಡ ರಾಕ್ಷಸ ಕುಣಿಯುತ್ತ ರಂಗಕ್ಕೆ ಬಂದವನು ನೆಟ್ಟಗೆ ಯುದ್ಧಕ್ಕೆ ಇಳಿಯುವುದಿಲ್ಲ. ಸಾರಥಿ ಎದುರಿಗೆ ನಿಂತು ತಾವು ಯಾರು, ಯಾವ ಪಟ್ಟಣ, ಬಂದ ಕಾರಣವೇನು ಅಂತ ಕೇಳುತ್ತಾನೆ. ಆತ ‘ಎಲೈ ಸಾರಥಿ’ ಅಂತ ಶುರು ಹಚ್ಚಿ ತನ್ನ ಕುಲ, ಬಲ, ಸಿಟ್ಟು ಎಲ್ಲ ಬಿಚ್ಚಿಡುತ್ತಾನೆ. ಅದನ್ನು ಕೇಳಿದ ಮೇಲೇ ಮುಂದಿನ ಹೊಡೆದಾಟಕ್ಕೆ ತೂಕ ಬರುವುದು. ಈ ಸರಣಿಯಲ್ಲೂ ಸಾರಥಿಯ ಪ್ರಶ್ನೆಗೆ ಉತ್ತರ ಕೊಟ್ಟ ಖಳರು ನೆನಪಿನಲ್ಲಿ ಉಳಿದಿದ್ದಾರೆ, ಬರೀ ಗರ್ಜಿಸಿದವರು ಮರೆತುಹೋಗಿದ್ದಾರೆ.

ಅರೀನಾ, ಡ್ಯಾಗರ್‌ಫಾಲ್ ಎರಡೂ ಸ್ಟೀಮ್‌ನಲ್ಲಿ ಪುಕ್ಕಟೆ ಸಿಗುತ್ತವೆ. ಅರೀನಾದ ಜೇಗರ್ ಥಾರ್ನ್ ಚಕ್ರವರ್ತಿಯನ್ನು ಬೇರೊಂದು ಲೋಕದಲ್ಲಿ ಸೆರೆಯಿಟ್ಟು, ತಾನೇ ಅವನ ವೇಷ ಹಾಕಿಕೊಂಡು ಹತ್ತು ವರ್ಷ ಸಿಂಹಾಸನದ ಮೇಲೆ ಕೂತ ಮಾಂತ್ರಿಕ. ಕಲ್ಪನೆ ಮಸ್ತ್ ಇದೆ, ಆಟ ಅದನ್ನು ಬಳಸಿಕೊಂಡಿಲ್ಲ. ಎಂಟು ಗುಹೆ-ಕೋಟೆಗಳಿಂದ ಮಾಯಾ ದಂಡದ ಎಂಟು ತುಂಡು ಕೂಡಿಸಿಕೊಂಡು ಬಂದರೆ ಅದರಲ್ಲಿ ಶಕ್ತಿಯೇ ಉಳಿದಿಲ್ಲ ಅಂತ ಗೊತ್ತಾಗುತ್ತದೆ. ಕೊನೆಗೆ ಅರಮನೆಯಲ್ಲಿರುವ ರತ್ನಕ್ಕೆ ದಂಡ ಮುಟ್ಟಿಸಿದರೆ ಥಾರ್ನ್ ಕಥೆ ಮುಗಿಯಿತು. ಡ್ಯಾಗರ್‌ಫಾಲ್‌ನಲ್ಲಿ ಒಬ್ಬ ಖಳ ಅಂತಿಲ್ಲ, ಪಾಳೆಯಗಾರರ ಹಂಗೆ ಎಲ್ಲರೂ ಒಬ್ಬರ ಕಾಲು ಒಬ್ಬರು ಎಳೆಯುವವರೇ. ಪುಕ್ಕಟೆ ಅಂತ ಇಳಿಸಿಕೊಳ್ಳಲು ಅಡ್ಡಿಯಿಲ್ಲ, ಖಳನ ಸಲುವಾಗಿ ಬೇಡ.

ಮೊರೊವಿಂಡ್‌ನ ಡಾಗೋತ್ ಉರ್ ಬೇರೆಯೇ ತೂಕದವನು. ರೆಡ್ ಮೌಂಟೇನ್ ಎಂಬ ಜ್ವಾಲಾಮುಖಿಯ ಹೊಟ್ಟೆಯಲ್ಲಿ, ಸತ್ತ ದೇವನೊಬ್ಬನ ಹೃದಯ ಕಾಯುತ್ತ ಕೂತವ. ಒಂದು ಕಾಲಕ್ಕೆ ನೆರೆವಾರ್ ಎಂಬ ಸೇನಾಪತಿಯ ಗೆಳೆಯ. ಹೃದಯದ ಮೇಲೆ ಬಳಸುವ ಮಾಯಾ ಹತ್ಯಾರಗಳನ್ನು ಕಾಯಲು ನೆರೆವಾರನೇ ಇವನನ್ನು ಅಲ್ಲಿ ಬಿಟ್ಟುಹೋಗಿದ್ದ. ಆಮೇಲೆ ನೆರೆವಾರ್ ಸತ್ತ, ಅವನ ಹತ್ತಿರದವರೇ ಮೂವರು ಆ ಹತ್ಯಾರ ಹಿಡಿದು ದೇವರಾಗಿ ಕೂತರು. ನೆರೆವಾರ್ ಹೇಗೆ ಸತ್ತ? ಆಟದೊಳಗಿನ ಪುಸ್ತಕಗಳು ಒಂದೊಂದು ಒಂದೊಂದು ಹೇಳುತ್ತವೆ. ನೀವು ಆ ನೆರೆವಾರನ ಮರುಹುಟ್ಟು ಅಂತ ಹೇಳಿಸಿಕೊಂಡು ಬಂದವರು. ಅಂದರೆ ಇವನ ಲೆಕ್ಕದಲ್ಲಿ ನೀವು ವೈರಿಯಲ್ಲ, ದಾರಿ ತಪ್ಪಿದ ಹಳೆಯ ದೋಸ್ತ. ದ್ವೀಪದ ಮೇಲಿನ ಸಾಮ್ರಾಜ್ಯದ ಆಳ್ವಿಕೆಯನ್ನು ಓಡಿಸಬೇಕು ಎನ್ನುವ ಅವನ ಮಾತಿಗೆ ಅಲ್ಲಿನ ಜನರಲ್ಲೂ ಹೂಂ ಅನ್ನುವವರಿದ್ದಾರೆ. ಹಿಡಿದ ದಾರಿ ರೋಗದ್ದು ಎಂಬುದೇ ತೊಂದರೆ.

ಈತನನ್ನು ಮುಖತಃ ನೋಡಲು ಇಡೀ ಆಟ ಕಾಯಬೇಕು. ಆದರೆ ಇರವು ಮೊದಲಿನಿಂದಲೇ ತಿಳಿಯುತ್ತ ಹೋಗುತ್ತದೆ. ಮುಖ್ಯ ಕಥೆ ಒಂದು ಹಂತ ದಾಟಿದ ಮೇಲೆ ನೀವು ಮಲಗಿದಾಗ ಕನಸಿನ ಸಂದೇಶ ಬರತೊಡಗುತ್ತದೆ. ಊರಲ್ಲಿ ಸುಮ್ಮನೆ ಓಡಾಡಿಕೊಂಡಿದ್ದವರು ನಿದ್ದೆಗಣ್ಣಿನಲ್ಲಿ ಅವನ ಹೆಸರು ಹೇಳುತ್ತಾರೆ. ಒಬ್ಬರ ಮನೆಯಲ್ಲಿ ಬೂದಿಬಣ್ಣದ ಸಣ್ಣ ಮೂರ್ತಿ ಸಿಗುತ್ತದೆ, ಅದನ್ನು ಇಟ್ಟುಕೊಂಡವನ ಬುದ್ಧಿ ಕೆಟ್ಟಿರುತ್ತದೆ. ಇಲುನಿಬಿ ಗುಹೆಯಲ್ಲಿ ಅವನ ಚೇಲಾ ಸಾಯುತ್ತ ನಿಮಗೆ ಕಾರ್ಪ್ರಸ್ ರೋಗ ಅಂಟಿಸುತ್ತಾನೆ. ಇದು ವಾಸಿಯಾಗದ ಕಾಯಿಲೆ. ದಿನ ಕಳೆದಂತೆ ಸ್ಟ್ರೆಂತ್, ಎಂಡ್ಯೂರೆನ್ಸ್ ಏರುತ್ತ ಹೋಗಿ ಬುದ್ಧಿಯ ಅಂಕಿಗಳು ಇಳಿಯುತ್ತ ಹೋಗುತ್ತವೆ. ಟೆಲ್ ಫಿರ್ ಗೋಪುರದ ಮುದುಕ ಮಾಂತ್ರಿಕ ಕೊಡುವ ಮದ್ದು ಕುಡಿದರೆ ಇಳಿದದ್ದು ತಿರುಗಿ ಬರುತ್ತದೆ, ಏರಿದ್ದು ಹಾಗೇ ಉಳಿಯುತ್ತದೆ, ಮುಂದೆ ಯಾವ ರೋಗವೂ ಹತ್ತುವುದಿಲ್ಲ. ಖಳ ಕೊಟ್ಟ ಕಾಯಿಲೆಯೇ ಅವನನ್ನು ಕೆಡವಲು ಬಲ ಕೊಡುತ್ತದೆ. ಇಷ್ಟು ಜಾಣತನದ ಕಟ್ಟಣೆ ಸರಣಿಯಲ್ಲಿ ಇನ್ನೆಲ್ಲೂ ಇಲ್ಲ. ಒಂದೇ ಎಚ್ಚರ: ಮದ್ದಿಗೆ ಮೊದಲು ಗೋಪುರದ ತಳದಲ್ಲಿರುವ ರೋಗಿಗಳ ನಡುವೆ ನಡೆದುಹೋಗಬೇಕು. ಅವರು ಮೈಮೇಲೆ ಬಂದರೂ ಕೈ ಎತ್ತಬ್ಯಾಡ್ರಿ, ಮುದುಕ ಅದನ್ನು ಮೊದಲೇ ಹೇಳಿರುತ್ತಾನೆ.

ಕೊನೆಯ ಭೇಟಿಗೆ ಮೂರು ವಸ್ತು ಬೇಕು. ಸಂಡರ್ ಎಂಬ ಸುತ್ತಿಗೆ, ಕೀನಿಂಗ್ ಎಂಬ ಚೂರಿ, ರೈತ್‌ಗಾರ್ಡ್ ಎಂಬ ಬಲಗೈ ಕವಚ. ಕವಚ ಹಾಕಿಕೊಳ್ಳದೆ ಸುತ್ತಿಗೆಯನ್ನಾಗಲಿ ಚೂರಿಯನ್ನಾಗಲಿ ಹಿಡಿದರೆ ಪ್ರಾಣ ಹೋಗುತ್ತದೆ. ಹೊಸಬರು ಕೆಡುವುದು ಇಲ್ಲೇ. ಹಾಕಿಕೊಳ್ಳುವಾಗ ಮೊದಲು ಕವಚ, ಆಮೇಲೆ ಆಯುಧ. ತೆಗೆಯುವಾಗ ಮೊದಲು ಆಯುಧ, ಆಮೇಲೆ ಕವಚ. ಬೇರೆ ಕೈಗವಸು ಬದಲಿಸಲು ಹೋಗಿ ಆ ಒಂದು ಕ್ಲಿಕ್ಕಿಗೆ ಸತ್ತವರು ಬಹಳ. ಒಳಗೆ ಹೋದರೆ ಡಾಗೋತ್ ಉರ್ ಹೊಡೆಯಲು ಬರುವುದಿಲ್ಲ, ಮಾತಿಗೆ ನಿಲ್ಲುತ್ತಾನೆ. ನೀನು ಖರೇ ನೆರೆವಾರನೇನು, ಗೆದ್ದರೆ ಆ ಹೃದಯವನ್ನು ಏನು ಮಾಡುತ್ತೀ ಅಂತ ಕೇಳುತ್ತಾನೆ. ನೀವೂ ತಿರುಗಿ ಕೇಳಬಹುದು. ಮೊದಲ ಏಟಿನ ಮರ್ಯಾದೆಯನ್ನೂ ನಿಮಗೇ ಬಿಟ್ಟುಕೊಡುತ್ತಾನೆ. ದೊಡ್ಡಾಟದ ಸಾರಥಿಗೆ ಇದಕ್ಕಿಂತ ಹೆಚ್ಚಿನದು ಏನು ಬೇಕು?

ಅಲ್ಲಿ ಒಮ್ಮೆ ಕೆಡವಿದರೂ ಒಳಗಿನ ದೊಡ್ಡ ಕೋಣೆಯಲ್ಲಿ ಮತ್ತೆ ಎದ್ದು ಬರುತ್ತಾನೆ. ಅಲ್ಲಿ ಅವನ ಮೇಲೆ ಒಂದು ಏಟೂ ದಂಡ ಮಾಡಬ್ಯಾಡ್ರಿ. ಹೃದಯ ಇರುವವರೆಗೆ ಅವನಿಗೆ ಸಾವಿಲ್ಲ. ಸೀದಾ ಹೃದಯದ ಹತ್ತಿರ ಓಡ್ರಿ, ಮೊದಲು ಸಂಡರ್‌ನಿಂದ ಒಂದು ಹೊಡೆತ, ಆಮೇಲೆ ಕೀನಿಂಗ್‌ನಿಂದ ಅದು ಒಡೆಯುವ ತನಕ. ಕಾಲ ಕೆಳಗೆ ಲಾವಾ ಇದೆ, ಗಾಳಿಯಲ್ಲಿ ತೇಲುವ ಒಂದೆರಡು ಪೋಶನ್ ಇಟ್ಕೊಂಡಿರ್ರಿ.

ಇದರ ಬೆಲೆಯನ್ನೂ ಹೇಳಬೇಕಲ್ಲ. ಮೊರೊವಿಂಡ್‌ನಲ್ಲಿ ಎದುರಿಗೇ ನಿಂತು ಕತ್ತಿ ಬೀಸಿದರೂ ಏಟು ತಾಗುವುದಿಲ್ಲ. ಆಟ ಕೆಟ್ಟಿದೆ ಅಂತ ಅರ್ಧ ಗಂಟೆಗೇ ಮುಚ್ಚಿಡುವವರು ಬಹಳ. ಕೆಟ್ಟಿಲ್ಲ, ಒಳಗೆ ಕವಡೆ ಬೀಳುತ್ತಿರುತ್ತದೆ. ಆಯುಧದ ಸ್ಕಿಲ್, ಅಜಿಲಿಟಿ, ಲಕ್, ಜೊತೆಗೆ ಫಟೀಗ್ ಎಂಬ ಹಸಿರು ಪಟ್ಟಿ ಸೇರಿ ಏಟು ತಾಗುವ ಸಾಧ್ಯತೆ ಲೆಕ್ಕವಾಗುತ್ತದೆ. ಓಡಿ ಓಡಿ ಹಸಿರು ಪಟ್ಟಿ ಖಾಲಿ ಮಾಡಿಕೊಂಡು ಹೊಡೆದರೆ ತಾಗುವುದಾದರೂ ಎಲ್ಲಿಂದ? ಮೇಜರ್ ಸ್ಕಿಲ್‌ನಲ್ಲಿ ಯಾವ ಆಯುಧ ಆರಿಸಿದ್ದೀರೋ ಅದನ್ನೇ ಹಿಡೀರಿ, ಜಗಳಕ್ಕೆ ಮುಂಚೆ ನಡೆದು ಹೋಗ್ರಿ, ಓಡಬ್ಯಾಡ್ರಿ. ಎರಡನೆಯದು, ಸಂಭಾಷಣೆಯೆಲ್ಲ ಹೆಚ್ಚುಕಡಿಮೆ ಓದುವುದೇ, ಅದೂ ಇಂಗ್ಲಿಷಿನಲ್ಲಿ. ಕನ್ನಡದ ಅಕ್ಷರ ಸಿಗುವುದಿಲ್ಲ. ಮೂರನೆಯದು, ನಕಾಶೆಯ ಮೇಲೆ ಒತ್ತಿ ಹಾರಿಹೋಗುವ ಸೌಕರ್ಯ ಇಲ್ಲ. ಸಿಲ್ಟ್ ಸ್ಟ್ರೈಡರ್ ಎಂಬ ದೈತ್ಯ ಹುಳದ ಮೇಲೆ ಗೊತ್ತಾದ ನಿಲ್ದಾಣದಿಂದ ನಿಲ್ದಾಣಕ್ಕೆ, ಹುಬ್ಬಳ್ಳಿ-ಧಾರವಾಡದ ಚಿಗರಿ ಬಸ್ಸಿನ ಹಂಗೆ. ನಾಲ್ಕನೆಯದು ದೊಡ್ಡದು: ಕಥೆಗೆ ಬೇಕಾದವರನ್ನೂ ಈ ಆಟದಲ್ಲಿ ಕೊಲ್ಲಬಹುದು. ಕೊಂದರೆ ಭವಿಷ್ಯವಾಣಿಯ ಎಳೆ ಕಡಿಯಿತು, ಹಳೆ ಸೇವ್‌ಗೆ ಹೋಗು, ಇಲ್ಲಾ ಈ ಕೆಟ್ಟ ಲೋಕದಲ್ಲೇ ಇರು ಎಂಬ ಅರ್ಥದ ಸಂದೇಶ ಬರುತ್ತದೆ. ಅದನ್ನು ಓದದೆ ಎಂಟರ್ ಒತ್ತಿ ಮುಂದೆ ಹೋದವರಿಗೆ ಇಪ್ಪತ್ತು ತಾಸಿನ ಆಟ ಕೈಬಿಟ್ಟಂತೆಯೇ. ಗೇಮ್ ಆಫ್ ದಿ ಇಯರ್ ಆವೃತ್ತಿ ತೊಗೊಂಡು ಓಪನ್ಎಮ್‌ಡಬ್ಲ್ಯೂ ಎಂಬ ಪುಕ್ಕಟೆ ಇಂಜಿನ್ ಮೇಲೆ ಓಡಿಸ್ರಿ. ಆಫೀಸಿನ ಹಳೇ ಲ್ಯಾಪ್‌ಟಾಪ್ ಕೂಡ ಎಳೆಯುತ್ತದೆ.

ಒಬ್ಲಿವಿಯನ್‌ನಲ್ಲಿ ಇಬ್ಬರಿದ್ದಾರೆ. ವಿನಾಶದ ದೇವ, ನಾಲ್ಕು ಕೈಯ ಮೆಹ್ರೂನ್ಸ್ ಡೇಗನ್ ಕೊನೆಗೆ ರಾಜಧಾನಿಯಲ್ಲಿ ಎದ್ದು ನಿಲ್ಲುತ್ತಾನೆ. ಗಾತ್ರ ದೊಡ್ಡದು, ಪಾತ್ರ ಏನೂ ಇಲ್ಲ. ಅವನ ಜೊತೆ ನೀವು ಕಾದಾಡುವಂತೆಯೂ ಇಲ್ಲ. ಚಕ್ರವರ್ತಿಯ ಮಗ ಮಾರ್ಟಿನ್‌ನನ್ನು ಗುಡಿ ಮುಟ್ಟಿಸಿದರೆ ಉಳಿದದ್ದು ಅವನೇ ನೋಡಿಕೊಳ್ಳುತ್ತಾನೆ. ದಾರಿಯಲ್ಲಿ ಎದುರಾಗುವವರ ಜೊತೆ ನಿಂತು ಕಾದದೆ ಬದಿಗೆ ಸರಿದು ಓಡುವುದೇ ಲೇಸು.

ಖರೇ ಖಳ ಮ್ಯಾಂಕಾರ್ ಕ್ಯಾಮೊರಾನ್. ಡೇಗನ್‌ನನ್ನು ಪೂಜಿಸುವ ಮಿಥಿಕ್ ಡಾನ್ ಎಂಬ ಗುಪ್ತ ಪಂಥದ ಗುರು. ದನಿ ಟೆರೆನ್ಸ್ ಸ್ಟ್ಯಾಂಪ್‌ರದು, ಆ ದನಿಯೇ ಅರ್ಧ ಪಾತ್ರ. ಇವನನ್ನು ಹುಡುಕುವ ಪರಿಯೂ ಸೊಗಸು: ಇವನೇ ಬರೆದ ನಾಲ್ಕು ಪುಸ್ತಕ ಕೂಡಿಸಬೇಕು, ಪ್ರತಿ ಪ್ಯಾರಾದ ಮೊದಲ ಅಕ್ಷರ ಒಂದರ ಪಕ್ಕ ಒಂದಿಟ್ಟು ಓದಬೇಕು. ರಾಜಧಾನಿಯ ಗ್ರೀನ್ ಎಂಪರರ್ ವೇನಲ್ಲಿರುವ ಒಂದು ಸಮಾಧಿಯ ಮೇಲೆ, ನಡುಮಧ್ಯಾಹ್ನ ಮಾತ್ರ ನಕಾಶೆ ಕೆಂಪಗೆ ಮೂಡುತ್ತದೆ. ಬೆಳಿಗ್ಗೆ ಹೋಗಿ ಏನೂ ಇಲ್ಲ ಅಂತ ವಾಪಸ್ ಬರಬ್ಯಾಡ್ರಿ, ಸಮಾಧಿ ಹತ್ತಿರವೇ ವೇಟ್ ಒತ್ತಿ ಹನ್ನೆರಡು ಮಾಡ್ಕೊಳ್ರಿ. ಅದು ತೋರಿಸುವ ಲೇಕ್ ಏರಿಯಸ್ ಗುಹೆಯಲ್ಲಿ ಪಂಥಕ್ಕೆ ಸೇರುವವರ ವೇಷದಲ್ಲಿ ಒಳಹೊಕ್ಕರೆ ಬಾಗಿಲಲ್ಲೇ ನಿಮ್ಮ ಆಯುಧ, ಕವಚ, ಮದ್ದು ಎಲ್ಲ ಇಸಿದುಕೊಂಡು ಒಂದು ನಿಲುವಂಗಿ ಕೊಡುತ್ತಾರೆ. ಬರಿಗೈಯಲ್ಲಿ ನಡುಗುಹೆಗೆ ಬಂದು ನಿಂತ ಮೇಲೆ ಪುಸ್ತಕ ಕದಿಯಿರಿ ಅನ್ನುತ್ತದೆ ಕ್ವೆಸ್ಟ್. ಮಂತ್ರವಿದ್ಯೆ ಬಲ್ಲ ಪಾತ್ರಕ್ಕೆ ತೊಂದರೆಯಿಲ್ಲ. ಕತ್ತಿಯವರು ಮಾತಿಗೆ ಒಪ್ಪದೆ ಬಾಗಿಲಿನಿಂದಲೇ ಹೊಡೆದಾಡಿಕೊಂಡು ಹೋಗುವುದು ಛಲೋ.

ಕೊನೆಯಲ್ಲಿ ಅವನೇ ಕಟ್ಟಿಕೊಂಡ ಸ್ವರ್ಗದೊಳಗೆ ನಡೆಯುವಾಗ ಅವನ ದನಿ ಆಕಾಶದಿಂದ ಕೇಳುತ್ತಿರುತ್ತದೆ. ನೀವಿರುವ ಭೂಮಿಯೂ ಮೂಲತಃ ಲೋರ್ಖಾನ್ ಎಂಬ ದೇವನ ಲೋಕವೇ, ಬರುತ್ತಿರುವ ಡೇಗನ್ ಆಕ್ರಮಣಕಾರನಲ್ಲ, ಅದರ ಹಕ್ಕುದಾರ ಎನ್ನುವುದು ಅವನ ವಾದ. ಬಲವಾದ ವಾದ. ಆದರೆ ಅದೇ ಭಾಷಣದಲ್ಲಿ ಕೋಲ್ಡ್‌ಹಾರ್ಬರ್ ಎಂಬ ಲೋಕವನ್ನು ಮೆರಿಡಿಯಾ ಎಂಬ ದೇವತೆಗೆ ಬರೆದುಕೊಡುತ್ತಾನೆ. ಸರಣಿ ಬಲ್ಲ ಯಾರನ್ನು ಕೇಳಿದರೂ ಅದು ಮೊಲಾಗ್ ಬಾಲ್ ಎಂಬ ಬೇರೊಬ್ಬ ದೇವನದು ಅನ್ನುತ್ತಾರೆ. ಬರೆದವರ ತಪ್ಪೋ, ಹುಚ್ಚು ಗುರುವಿನ ತಪ್ಪೋ, ಇವತ್ತಿಗೂ ಜಗಳ ಹರಿದಿಲ್ಲ. ಒಂದೇ ಕೊರತೆ, ಇವನು ಹೇಳುತ್ತಾನೆ, ನೀವು ಕೇಳುವಂತಿಲ್ಲ. ಸಾರಥಿ ಬಾಯಿ ಮುಚ್ಚಿಕೊಂಡು ನಿಂತಂತೆ.

ಈ ಆಟದ ಖಳರನ್ನು ಹಾಳು ಮಾಡಿದ್ದು ಲೆವೆಲ್ ಸ್ಕೇಲಿಂಗ್. ನೀವು ಬೆಳೆದಂತೆ ಎದುರಾಳಿಗಳೆಲ್ಲ ಬೆಳೆಯುತ್ತಾರೆ. ದಾರಿಗಳ್ಳನೂ ಬೆಲೆಬಾಳುವ ಗ್ಲಾಸ್ ಕವಚ ಹಾಕಿಕೊಂಡು ನೂರು ರೂಪಾಯಿಗೆ ಕೈ ಚಾಚಿದಂತೆ ಚಿಲ್ಲರೆ ಕೇಳುತ್ತಾನೆ. ಹಂಗಾಗಿ ಪಂಥದ ಗುರುವಿಗೂ ಕಾಡಿನ ಕಳ್ಳನಿಗೂ ಬಡಿದಾಟದಲ್ಲಿ ವ್ಯತ್ಯಾಸವೇ ಗೊತ್ತಾಗುವುದಿಲ್ಲ. ಕ್ವಾಚ್ ಊರಿನ ಕ್ವೆಸ್ಟನ್ನು ಸಣ್ಣ ಲೆವೆಲ್‌ನಲ್ಲೇ ಮುಗಿಸ್ರಿ. ಬ್ರೂಮಾ ಕಾಳಗಕ್ಕೆ ಊರೂರಿಂದ ಪಡೆ ತರುವ ಕೆಲಸ ಕಡ್ಡಾಯವಲ್ಲ, ಬಿಟ್ಟುಬಿಡ್ರಿ. ಡೇಗನ್‌ನ ಲೋಕಕ್ಕೆ ತೆರೆಯುವ, ಅದೇ ಕೆಲವು ನಕಾಶೆಯ ಗೇಟ್‌ಗಳನ್ನು ಮತ್ತೆ ಮತ್ತೆ ಮುಚ್ಚುವುದರಲ್ಲಿ ಕ್ಯಾಮೊರಾನ್ ಮೇಲಿನ ಸಿಟ್ಟೇ ಆರಿಹೋಗುತ್ತದೆ. 2025ರ ಏಪ್ರಿಲ್‌ನಲ್ಲಿ ಬಂದ ರೀಮಾಸ್ಟರ್ಡ್ ನೋಡಲು ಚೆಂದ, ಖಳರು ಅದೇ ಹಳಬರು. ಅದಕ್ಕೆ 125 ಜಿಬಿ ಜಾಗ ಬೇಕು. 40 ಎಂಬಿಪಿಎಸ್ ಸಂಪರ್ಕದಲ್ಲಿ ಏಳು ತಾಸಿನ ಡೌನ್‌ಲೋಡ್, ನಡುವೆ ಕರೆಂಟ್ ಹೋಗದಿದ್ದರೆ. ಏಪ್ರಿಲ್-ಮೇ ಬಿಸಿಲಿನಲ್ಲಿ ಹುಬ್ಬಳ್ಳಿಯ ಮಾಳಿಗೆ ಮನೆಯೊಳಗೆ ಲ್ಯಾಪ್‌ಟಾಪ್ ಮೇಲೆ ಓಡಿಸುವವರು ಫ್ರೇಮ್ 30ಕ್ಕೆ ಕಟ್ಟಿಹಾಕ್ರಿ. ಇಲ್ಲದಿದ್ದರೆ ಕಾದ ಪ್ರೊಸೆಸರ್ ತಾನೇ ವೇಗ ಇಳಿಸಿಕೊಂಡು ಕಾಳಗದ ನಡುವೆ ಎಡವತೊಡಗುತ್ತದೆ.

ಸ್ಕೈರಿಮ್‌ನ ಆಲ್ಡುಯಿನ್ ಸರಣಿಯ ಅತಿ ಪ್ರಸಿದ್ಧ ಖಳ, ಅಷ್ಟೇ ಪೊಳ್ಳು ಖಳ. ಶುರುವಿನಲ್ಲಿ ನಿಮ್ಮ ತಲೆ ಕಡಿಯಲು ಕೊಡಲಿ ಎತ್ತಿದಾಗ ಹಾರಿಬಂದು ಊರು ಸುಡುತ್ತಾನೆ, ನೀವು ಬದುಕುತ್ತೀರಿ. ಲೋಕ ನುಂಗಲು ಬಂದವನೇ ನಿಮ್ಮ ಪ್ರಾಣ ಉಳಿಸಿದ. ಎಂಥಾ ಎಳೆ! ಆಟ ಅದನ್ನು ಮತ್ತೆ ಮುಟ್ಟುವುದೇ ಇಲ್ಲ. ಆಡುವ ನಾಲ್ಕು ಮಾತಿನಲ್ಲಿ ಬಹುಪಾಲು ಡ್ರ್ಯಾಗನ್ ಭಾಷೆ. ಸಾರಥಿ ಕೇಳಿದರೂ ತಿಳಿಯುವುದಿಲ್ಲ. ಅವನ ಹಳೆಯ ಬಂಟ ಪಾರ್ಥರ್‌ನಾಕ್ಸ್ ಬೆಟ್ಟದ ತುದಿಯಲ್ಲಿ ಕೂತು, ಹುಟ್ಟಿನಿಂದ ಬಂದ ಕೇಡನ್ನು ದಿನಾ ಗೆಲ್ಲುವುದರ ಬಗ್ಗೆ ಹತ್ತು ನಿಮಿಷ ಮಾತಾಡುತ್ತಾನೆ. ಆ ಹತ್ತು ನಿಮಿಷ ಆಲ್ಡುಯಿನ್‌ಗೆ ಸಿಕ್ಕಿದ್ದರೆ! ಪಾರ್ಥರ್‌ನಾಕ್ಸ್‌ನನ್ನು ಕೊಲ್ಲು ಅಂತ ಬ್ಲೇಡ್ಸ್ ಎಂಬ ಡ್ರ್ಯಾಗನ್ ಬೇಟೆಗಾರರ ಗುಂಪಿನವರು ಒತ್ತಾಯಿಸುತ್ತಾರೆ. ಮುಖ್ಯ ಕಥೆ ಮುಗಿಸಲು ಅದು ಬೇಕಿಲ್ಲ, ಹೂಂ ಅನ್ನದೆ ಬಿಟ್ಟರೂ ನಡೆಯುತ್ತದೆ.

ಆಲ್ಡುಯಿನ್‌ಗೆ ಏಟು ತಾಗುತ್ತಿಲ್ಲ ಎಂಬ ದೂರು ಬಹಳ. ಡ್ರ್ಯಾಗನ್‌ರೆಂಡ್ ಎಂಬ ಶೌಟ್ (ಡ್ರ್ಯಾಗನ್ ಭಾಷೆಯ ಮಂತ್ರದ ಕೂಗು) ಮೈಮೇಲೆ ಇರುವಷ್ಟು ಹೊತ್ತು ಮಾತ್ರ ತಾಗುತ್ತದೆ. ಮೈಸುತ್ತಲಿನ ನೀಲಿ ಮಿಣುಕು ಆರಿದರೆ ಬಾಣ, ಕತ್ತಿ ಎಲ್ಲ ದಂಡ. ಸತ್ತ ವೀರರ ಲೋಕವಾದ ಸೊವ್ನ್‌ಗಾರ್ಡ್‌ನಲ್ಲಿ ಮೊದಲು ಮೂವರು ವೀರರ ಜೊತೆ ಕ್ಲಿಯರ್ ಸ್ಕೈಸ್ ಕೂಗಿ ಮಂಜು ಚದುರಿಸಬೇಕು, ಮೂರು ಸಲ. ಒಂದು ಶೌಟ್ ಕೂಗಿದ ಮೇಲಿನ ವಿರಾಮ ಉಳಿದ ಶೌಟ್‌ಗಳಿಗೂ ಲಾಗು ಆದ್ದರಿಂದ ಮೂರನೆಯ ಕೂಗಿನ ಮೇಲೆ ಡ್ರ್ಯಾಗನ್‌ರೆಂಡ್ ತಕ್ಷಣ ಸಿಗುವುದಿಲ್ಲ. ಟಾಲೋಸ್‌ನ ತಾಯಿತ ಕೊರಳಲ್ಲಿದ್ದರೆ ಆ ಹೊತ್ತು ಶೇ. 20ರಷ್ಟು ಕಡಿಮೆ. ಗೆದ್ದ ಮೇಲೆ ಅವನ ಆತ್ಮವೂ ಸಿಗುವುದಿಲ್ಲ, ಎಲುಬೂ ಸಿಗುವುದಿಲ್ಲ.

ಮಾಂತ್ರಿಕರ ಕಾಲೇಜಿನ ಅಂಕಾನೋ ಲೆಕ್ಕಕ್ಕಿಲ್ಲ. ಮ್ಯಾಗ್ನಸ್ ದಂಡದಿಂದ ಹಿಂದಿನ ಗೋಳವನ್ನು ಮುಚ್ಚಿಸಿದರೆ ಏಟು ತಾಗುತ್ತದೆ, ಅಷ್ಟೇ. ಡಾನ್‌ಗಾರ್ಡ್ ಎಂಬ ಡಿಎಲ್‌ಸಿಯ (ಆಟಕ್ಕೆ ಆಮೇಲೆ ಸೇರಿಸಿದ ಕಥೆ) ಹರ್ಕಾನ್ ಮಗಳ ರಕ್ತಕ್ಕೇ ಹೊಂಚು ಹಾಕಿದ ರಕ್ತಪಿಶಾಚಿ ದೊರೆ. ಹೊಡೆದಾಟದ ನಡುವೆ ಪೀಠದ ಮೇಲೆ ನಿಂತು ಗುರಾಣಿಯಂಥ ಮುಸುಕು ಹೊದ್ದುಕೊಂಡಾಗ ಬರೋಬ್ಬರಿ ಔರಿಯಲ್‌ನ ಬಿಲ್ಲಿನಿಂದಲೇ ಬಿಡಬೇಕು ಬಾಣ, ಬೇರೆ ಯಾವುದೂ ನಡೆಯದು. ಕಳ್ಳರ ಸಂಘದ ಮರ್ಸರ್ ಫ್ರೇ ಮಾತ್ರ ಸಣ್ಣವನಾದರೂ ಘಾಟಿ. ನಿಮ್ಮ ಜೊತೆಗೇ ಗೋರಿಯೊಳಗೆ ಬಂದು, ಕೆಲಸ ಆದ ಮೇಲೆ ನಿಮಗೇ ಕತ್ತಿ ಇರಿದು ಹೋಗುತ್ತಾನೆ. ಹಣದಾಸೆ ಬಿಟ್ಟು ಬೇರೆ ಕಾರಣ ಕೊಡುವುದಿಲ್ಲ. ಅದನ್ನು ಮುಚ್ಚಿಡುವುದೂ ಇಲ್ಲ. ಕೊನೆಯ ಕಾಳಗದಲ್ಲಿ ಮಾಯವಾಗುತ್ತಾನೆ, ನಿಮ್ಮ ಜೊತೆಗಾರರಿಬ್ಬರನ್ನು ಒಬ್ಬರ ಮೇಲೊಬ್ಬರು ಬೀಳುವಂತೆ ಮಾಡುತ್ತಾನೆ. ಅವರನ್ನು ಬಿಡಿಸಲು ಹೋಗದೆ ಇವನ ಬೆನ್ನು ಹತ್ತ್ರಿ. ಸತ್ತ ಮೇಲೆ ನೀರು ತುಂಬತೊಡಗುತ್ತದೆ, ಮೊದಲು ಅವನ ಮೈ ತಡಕಿ ಬೇಕಾದ್ದು ತೊಗೊಂಡು, ನೀರಿನ ಜೊತೆ ಮೇಲೇಳ್ರಿ, ದಾರಿ ಚಾವಣಿಯಲ್ಲಿ ತೆರೆಯುತ್ತದೆ.

ಡ್ರ್ಯಾಗನ್‌ಬಾರ್ನ್ ಡಿಎಲ್‌ಸಿಯ ಮಿರಾಕ್‌ನ ಸಲುವಾಗಿ ಸ್ಕೈರಿಮ್ ಕೊಳ್ಳಬಹುದು. ಇಲ್ಲಿ ಸಾರಥಿಯ ಆಟ ತಿರುವುಮುರುವು: ಮುಖವಾಡ ಹಾಕಿದ ಇಬ್ಬರು ನಡುಬೀದಿಯಲ್ಲಿ ನಿಮ್ಮನ್ನು ತಡೆದು ನೀನೇ ಏನು ಡ್ರ್ಯಾಗನ್‌ಬಾರ್ನ್ (ಡ್ರ್ಯಾಗನ್‌ನ ಆತ್ಮ ಹೊತ್ತು ಹುಟ್ಟಿದವ) ಅಂತ ಕೇಳುತ್ತಾರೆ. ಅವರನ್ನು ಕೆಡವಿ ಜೇಬಿನ ಚೀಟಿ ಓದಿದರೆ ಸೋಲ್ಸ್‌ಟೈಮ್ ದ್ವೀಪದ ಸುಳಿವು. ವಿಂಡ್‌ಹೆಲ್ಮ್ ಬಂದರಿನಲ್ಲಿ ಹಡಗಿನವನಿಗೆ 250 ಗೋಲ್ಡ್ ಕೊಡಬೇಕು. ದ್ವೀಪದಲ್ಲಿ ಜನ ರಾತ್ರಿ ನಿದ್ದೆಯಲ್ಲೇ ಎದ್ದು ಕಲ್ಲಿನ ಸುತ್ತ ಕೆತ್ತುತ್ತಿರುತ್ತಾರೆ. ಆ ಕಲ್ಲನ್ನು ನೀವು ಮುಟ್ಟಿದರೆ ನಿಮ್ಮ ಪಾತ್ರವೂ ಉಳಿ ಹಿಡಿದು ಕೆತ್ತತೊಡಗುತ್ತದೆ, ಕೀಬೋರ್ಡ್ ಒತ್ತಿದರೂ ಕೇಳುವುದಿಲ್ಲ. ಖಳನೊಬ್ಬ ಆಟಗಾರನ ಕೈಯನ್ನೇ ಇಸಿದುಕೊಳ್ಳುವ ಆ ಕೆಲವೇ ಗಳಿಗೆ ಇಡೀ ಆಲ್ಡುಯಿನ್‌ಗಿಂತ ಹೆಚ್ಚು. ಆಮೇಲೆ ನೀವು ಬೆವರು ಸುರಿಸಿ ಕೊಂದ ಡ್ರ್ಯಾಗನ್‌ನ ಆತ್ಮವನ್ನು ಎದುರಿಗೇ ಪ್ರತ್ಯಕ್ಷವಾಗಿ ನುಂಗಿ ಹೋಗುತ್ತಾನೆ. ಹಂಗಾಗಿ ಬೇಕಾದ ಶೌಟ್‌ಗಳನ್ನು ದ್ವೀಪಕ್ಕೆ ಹೋಗುವ ಮುಂಚೆಯೇ ಬಿಡಿಸಿಕೊಳ್ರಿ. ಲೆವೆಲ್ 30ರ ಸುಮಾರಿಗೆ ಹೋದರೆ ಹದ.

ಇವೆಲ್ಲ ಡಿಎಲ್‌ಸಿ ಸ್ಪೆಷಲ್ ಎಡಿಷನ್‌ನಲ್ಲೇ ಸೇರಿವೆ, ಖಳರ ಸಲುವಾಗಿ ಆನಿವರ್ಸರಿ ಎಡಿಷನ್‌ಗೆ ಹೆಚ್ಚಿನ ದುಡ್ಡು ಬೇಡ. ಸೆಕೆಂಡ್ ಹ್ಯಾಂಡ್ ಅಂಗಡಿಗಳಲ್ಲಿ ಸಿಗುವ ಹಳೆ ಸ್ಕೈರಿಮ್ ಪಿಸಿ ಡಿವಿಡಿ ಮುಟ್ಟಬ್ಯಾಡ್ರಿ. ಅದರ ಸ್ಟೀಮ್ ಕೀ ಒಮ್ಮೆ ಒಬ್ಬರ ಖಾತೆಗೆ ಬಿದ್ದರೆ ಮುಗಿಯಿತು, ನಿಮಗೆ ಸಿಗುವುದು ಬರೀ ಡಬ್ಬಿ. ಪಿಎಸ್4 ಡಿಸ್ಕ್ ಆದರೆ ಗೀರು ನೋಡಿ ತೊಗೋಬಹುದು.

ಮಿರಾಕ್ ಜೊತೆಗಿನ ಕೊನೆಯ ಕಾಳಗಕ್ಕೆ ಮುಂಚೆ ಬೇರೆ ಹೆಸರಿನಲ್ಲಿ ಒಂದು ಸೇವ್ ಇಟ್ಕೊಳ್ರಿ. ಎಫ್5ರ ಕ್ವಿಕ್ ಸೇವ್ ಒಂದನ್ನೇ ನಂಬಬ್ಯಾಡ್ರಿ. ಬರೆಯುವ ಹೊತ್ತಿಗೇ ಕರೆಂಟ್ ಹೋದರೆ ಆ ಫೈಲ್ ಕೆಡುತ್ತದೆ. ಮಿರಾಕ್‌ನ ರಕ್ತ ಇಳಿದಾಗಲೆಲ್ಲ ಗಾಳಿಯಂತಾಗಿ, ಸುತ್ತ ಹಾರುವ ಡ್ರ್ಯಾಗನ್ ಒಂದನ್ನು ಕೊಂದು ಅದರ ಆತ್ಮದಿಂದ ಮತ್ತೆ ತುಂಬಿಕೊಳ್ಳುತ್ತಾನೆ, ಮೂರು ಸಲ. ನೀವು ಆ ಡ್ರ್ಯಾಗನ್‌ಗಳಿಗೆ ಕೈ ಹಚ್ಚಿದರೆ ಈ ಸರಪಳಿ ತಪ್ಪಿ ಅವನು ಗಾಳಿಯ ರೂಪದಲ್ಲೇ ನಿಂತುಬಿಡುವುದುಂಟು. ಆಗ ಹಳೆ ಸೇವ್ ಬಿಟ್ಟರೆ ಗತಿಯಿಲ್ಲ. ಕೊನೆಯ ಏಟು ನಿಮ್ಮದಲ್ಲ. ಇಷ್ಟು ಕಾಲ ಇವನನ್ನು ಸಾಕಿದ ಹರ್ಮೇಯಸ್ ಮೋರಾ ಎಂಬ ಜ್ಞಾನದ ದೇವ ತನ್ನ ಟೆಂಟಕಲ್ (ಗ್ರಹಣಾಂಗ) ಚುಚ್ಚಿ ಎತ್ತಿ ಮುಗಿಸುತ್ತಾನೆ. ಉಳಿದ ಎಲುಬಿನ ಮೇಲಿನ ಮುಖವಾಡ, ಕತ್ತಿ, ದಂಡ ತೊಗೊಂಡ ಮೇಲೇ ಮೋರಾನ ಲೋಕಕ್ಕೆ ಹೋಗಿಬರಲು ಬಳಸುವ ಕಪ್ಪು ಪುಸ್ತಕ ಓದಿ ಹೊರಬರ್ರಿ. ಮುಂದೆ ಯಾವಾಗಲಾದರೂ ಅದೇ ಪುಸ್ತಕ ತೆರೆದು ಅಲ್ಲಿಗೆ ಹೋದರೆ, ಒಂದು ಡ್ರ್ಯಾಗನ್ ಆತ್ಮ ಕೊಟ್ಟು ಯಾವುದಾದರೂ ಒಂದು ಸ್ಕಿಲ್‌ಗೆ ಹಾಕಿದ ಪರ್ಕ್‌ಗಳನ್ನೆಲ್ಲ (ಲೆವೆಲ್ ಏರಿದಾಗ ಸಿಗುವ ವಿಶೇಷ ಗುಣ) ವಾಪಸ್ ಪಡೆದು ಬೇರೆ ಕಡೆ ಹಾಕಬಹುದು.